ಸಂಖ್ಯೆ: ಒಂದು

ಬಿಸಿ ಏರುತ್ತಿದೆ, ಅಂಗೈ ಕೆಳಗೆ, ಮೆಲ್ಲಗೆ, ಒಲೆಯ ಮೇಲಿಟ್ಟ ಹಾಲು ಉಗುರುಬೆಚ್ಚಗಾಗುವ ಹಾಗೆ — ಪ್ಲಾಸ್ಟರಿನ ಗುಣವೇ ಇದು, ತಣ್ಣೀರಲ್ಲಿ ಅದ್ದಿ ಸುತ್ತಿದರೂ ಗಟ್ಟಿಯಾಗುವಾಗ ತಾನೇ ಕಾಯುತ್ತದೆ, ಇಪ್ಪತ್ತಾರು ವರ್ಷವಾಯಿತು ಈ ಬಿಸಿ ನನ್ನ ಅಂಗೈಗೆ ಅಭ್ಯಾಸವಾಗಿ, ಇನ್ನು ಆರೇಳು ನಿಮಿಷ ಕೈ ತೆಗೆಯುವಂತಿಲ್ಲ, ಮಂಡಿಚಿಪ್ಪಿನ ಕೆಳಗೆ ಎರಡು ಕಡೆಯಿಂದ ಒತ್ತಿ ಹಿಡಿದು, ಮೂಗು ತುರಿಸಿದರೂ ತುರಿಸಿಕೊಳ್ಳದೆ ಕೂತಿರಬೇಕು, ಅಲುಗಾಡಬೇಡ ಪಿಟೀಲು ಅಂದೆ, ನಾನು ಅಲುಗಾಡ್ತಿಲ್ಲ, ಕಾಲೇ ನಗ್ತಾ ಇದೆ ಅಂದಳು. ಹತ್ತು ವರ್ಷದ ಹುಡುಗಿ, ಬಾಯಿಗೆ ಬಿಡುವಿಲ್ಲ, ಹಗಲೂ ರಾತ್ರಿ ಪಿಟೀಲು ಕುಯ್ದ ಹಾಗೆ ಕುಯ್ಯುತ್ತಾಳೆಂದು ಅವಳಪ್ಪನೇ ಇಟ್ಟ ಹೆಸರು, ಅವನು ಅಲ್ಲಿ ಗೋಡೆಯ ಪಕ್ಕದ ಬೆಂಚಿನ ಮೇಲೆ ಕೂತಿದ್ದಾನೆ, ಕ್ಷೌರದಂಗಡಿಯವನು, ಕೂತಲ್ಲೂ ಕಣ್ಣು ಎದುರಿಗಿದ್ದವರ ತಲೆಯ ಮೇಲೇ, ಹೋದ ಸಲ ಬಂದಾಗ ನಮ್ಮಲ್ಲಿ ಕೃತಕ ಕಾಲುಗಳಿಗೆ ಪಾಲಿಶ್ ಮಾಡುವವನ ಕಿವಿ ಹಿಂದಿನ ಕೂದಲು ನೋಡಿ ಇದನ್ನ ಯಾರು ಕತ್ತರಿಸಿದ್ದು, ಇಲಿಯಾ ಅಂತ ಕೇಳಿದ್ದ. ಮಂಡಿಯಿಂದ ಕೆಳಗೆ ಗೇಣುದ್ದವೂ ಇಲ್ಲ ಅವಳ ಎಡಗಾಲು, ನಾವು ಕೆಲಸದವರು ಅದನ್ನು ಮೊಂಡು ಅನ್ನುತ್ತೇವೆ, ಮೊದಲ ದಿನ ಹಾಗೇ ಅಂದುಬಿಟ್ಟಿದ್ದೆ, ಮೊಂಡು ತೋರಿಸು ಪುಟ್ಟಾ ಅಂತ, ಅವಳಪ್ಪ ನಗದೆ ಹೇಳಿದ, ಹಾಗನ್ನಬೇಡಿ ಮೇಡಂ, ಮೊದಲೇ ಅವಳಿಗೆ ಮೊಂಡು ಜಾಸ್ತಿ. ಅವತ್ತಿಂದ ನಾನು ಉಳಿದದ್ದು ಅನ್ನುತ್ತೇನೆ, ಉಳಿದದ್ದು ಎಲ್ಲಿ ತೋರಿಸು, ಉಳಿದದ್ದಕ್ಕೆ ಕಾಲುಚೀಲ ಹಾಕು. ಈ ಕಸುಬಿನಲ್ಲಿ ಬಾಯಿ ಬಿಟ್ಟರೆ ಕಾಲು ಬಂದು ಅಡ್ಡ ಬೀಳುತ್ತದೆ, ಕಾಲೆಳೆಯಬೇಡಿ ಅನ್ನುತ್ತಾರೆ, ಕಾಲು ಹಿಡೀತೀನಿ ಅನ್ನುತ್ತಾರೆ, ಅಂದವರು ನಾಲಿಗೆ ಕಚ್ಚಿಕೊಳ್ಳುತ್ತಾರೆ, ನನಗೇನೂ ಅನ್ನಿಸುವುದಿಲ್ಲ, ಕಾಲು ಹಿಡಿಯುವುದೇ ಅಲ್ಲವೇ ನನ್ನ ಹೊಟ್ಟೆಪಾಡು, ಈಗಲೂ ಹಿಡಿದುಕೊಂಡೇ ಕೂತಿದ್ದೇನೆ.

ಮೂರು ವರ್ಷದ ಹಿಂದೆ, ಅವಳಿಗೆ ಏಳು, ಶಾಲೆ ಬಿಟ್ಟು ಅಪ್ಪನ ಅಂಗಡಿಗೆ ಬಂದವಳು, ಬಾಗಿಲ ಹೊರಗೆ ಕಲ್ಲಿನ ಮೇಲೆ ಕೂತು ಯಾರೋ ಕೊಟ್ಟ ಪೆಪ್ಪರ್‌ಮೆಂಟು ಚೀಪುತ್ತಿದ್ದಳಂತೆ, ನೀರಿನ ಲಾರಿ ಹಿಂದಕ್ಕೆ ಬಂತು, ಹಿಂದೆ ನೋಡಿ ಸೀಟಿ ಊದಬೇಕಾದವನು ಮುಂದೆ ಕೂತು ಚಾಲಕನ ಜೊತೆ ಮಾತಾಡುತ್ತಿದ್ದ, ಅಷ್ಟೇ, ಅದರಲ್ಲಿ ಹೆಚ್ಚಿಗೆ ಹೇಳುವುದೇನಿಲ್ಲ, ಅಪಘಾತಗಳ ಕಥೆ ಯಾವಾಗಲೂ ಗಿಡ್ಡ, ಆಮೇಲಿನದ್ದೇ ಉದ್ದ. ಅವಳಪ್ಪ ಆ ಹೊತ್ತಿಗೆ ಒಬ್ಬರ ಗಂಟಲಿನ ಮೇಲೆ ಕತ್ತಿ ಆಡಿಸುತ್ತಿದ್ದನಂತೆ, ಕೂಗು ಕೇಳಿತು, ಮಗಳದ್ದೇ ಎಂದು ಗೊತ್ತಾಯಿತು, ಆದರೂ ಕತ್ತಿ ಗಂಟಲಿಂದ ಎತ್ತಿ, ಒರೆಸಿ, ಮಡಚಿ, ಕನ್ನಡಿಯ ಮುಂದಿಟ್ಟು ಆಮೇಲೆ ಓಡಿದೆ ಮೇಡಂ, ಯಾಕೆ ಒರೆಸಿದೆ ಅಂತ ಇವತ್ತಿಗೂ ಗೊತ್ತಿಲ್ಲ — ಇದನ್ನು ನನಗೆ ಹೇಳಿದ್ದು ಮೊದಲ ಕಾಲಿನ ಅಳತೆಯ ದಿನ, ಕೇಳದೇ ಹೇಳಿದ್ದು, ಈ ಬೆಂಚಿನಲ್ಲಿ ಕೂತವರು ಕೇಳದೇ ಹೇಳುತ್ತಾರೆ, ನನ್ನ ಎರಡು ಕೈಯೂ ಕೆಲಸದಲ್ಲಿರುವುದರಿಂದ ಇರಬೇಕು, ಸಮಾಧಾನ ಮಾಡಲು ಬರುವುದಿಲ್ಲ ಎಂಬ ಧೈರ್ಯ. ಆ ಮೊದಲ ಕಾಲು ಚೆನ್ನಾಗಿಯೇ ಆಗಿತ್ತು, ಉಳಿದದ್ದು ಕೂರುವ ಒಳಗಿನ ಬಟ್ಟಲು ನಾನೇ ತಿದ್ದಿದ್ದು, ಮೂರನೇ ದಿನಕ್ಕೆ ಕೈಬಿಟ್ಟು ನಡೆದಳು, ಐದನೇ ದಿನ ಕೇಳಿದಳು, ಇದು ನನ್ನ ಜೊತೆ ಬೆಳೆಯುತ್ತಾ ಆಂಟಿ? ಇಲ್ಲ, ಬೆಳೆಯಲ್ಲ. ಮತ್ತೆ ನಾನು ಬೆಳೆದರೆ? ಬೆಳೆದರೆ ಬಾ, ಇನ್ನೊಂದು ಮಾಡೋಣ. ಎಷ್ಟು ಸಲೀಸಾಗಿ ಹೇಳಿದ್ದೆ, ಲಂಗ ಬಿಗಿಯಾದರೆ ಇನ್ನೊಂದು ಹೊಲಿಸೋಣ ಅಂದ ಹಾಗೆ. ಅದೇ ವಾರ ಅವಳಪ್ಪ ಒಂದು ಕಾಗದ ಕೇಳಿದ, ವಕೀಲರು ಹೇಳಿದಾರೆ, ಕಾಲಿನ ಬಗ್ಗೆ ನೀವು ಬರೆದುಕೊಟ್ಟರೆ ಪರಿಹಾರದ ಅರ್ಜಿಗೆ ಹಚ್ಚಬೇಕಂತೆ. ನಮ್ಮಲ್ಲಿ ಅಚ್ಚು ಹಾಕಿಸಿದ ಹಾಳೆ ಇದೆ, ರೋಗಿಯ ವಯಸ್ಸು, ಯಾವ ಕಡೆಯ ಕಾಲು, ಬೇಕಾದ ಸಾಧನ, ಸಂಖ್ಯೆ, ಬೆಲೆ, ಸಹಿ. ಊಟದ ಡಬ್ಬಿ ತೆರೆದಿಟ್ಟಿದ್ದೆ, ಹೊರಗೆ ಇನ್ನೂ ನಾಲ್ಕು ಜನ, ಸಾಧನ ಎಂಬಲ್ಲಿ ಮಂಡಿಕೆಳಗಿನ ಕೃತಕ ಕಾಲು, ಸಂಖ್ಯೆ ಎಂಬಲ್ಲಿ ಒಂದು. ಸುಳ್ಳಲ್ಲ, ಅವತ್ತು ಮಾಡಿದ್ದು ಒಂದೇ. ಎಡಗೈಯಲ್ಲಿ ತುತ್ತು ಹಿಡಿದು ಬಲಗೈಯಲ್ಲಿ ಸಹಿ ಹಾಕಿದೆ, ಅವಳಪ್ಪ ಎರಡೂ ಕೈಯಲ್ಲಿ ಈಸಿಕೊಂಡ.

ಒಂದೂಕಾಲು ವರ್ಷದ ಮೇಲೆ ಬಂದ, ಒಬ್ಬನೇ, ಮಧ್ಯಾಹ್ನ, ಆ ಹಾಳೆಯ ನಕಲು ಹಿಡಿದುಕೊಂಡು, ಅದರಲ್ಲಿ ಯಾರೋ ಕೆಂಪು ಶಾಯಿಯಲ್ಲಿ ಒಂದು ಎಂಬುದರ ಸುತ್ತ ಸೊನ್ನೆ ಸುತ್ತಿದ್ದರು. ಲಾರಿಯ ವಿಮೆ ಕಂಪನಿಯವರು ಒಂದೇ ಕಾಲು ಕೊಡ್ತೀವಿ ಅಂತಿದಾರೆ ಮೇಡಂ, ನೀವೇ ಬರೆದಿದೀರಂತೆ. ಕಾಲು ಆಗಲೇ ಬಿಗಿಯಾಗಿತ್ತು, ಒಂದು ಸಲ ನಾನೇ ಕೆಳಗೆ ತುಂಡು ಸೇರಿಸಿ ಉದ್ದ ಮಾಡಿಕೊಟ್ಟಿದ್ದೆ, ಬಟ್ಟಲೇ ಹಿಡಿಸದಾದ ಮೇಲೆ ಉದ್ದ ಮಾಡಿ ಏನು, ಉಳಿದದ್ದರ ತುದಿಯಲ್ಲಿ ಗುಳ್ಳೆ ಎದ್ದು ಒಡೆಯುತ್ತಿತ್ತು, ಶಾಲೆಗೆ ಕಾಲು ಬಿಚ್ಚಿಟ್ಟು ಕೋಲು ಹಿಡಿದು ಹೋಗುತ್ತಾಳೆ ಅಂದ. ನಾನು ಹಾಳೆ ನೋಡುತ್ತ ಕೂತೆ, ನನ್ನದೇ ಅಕ್ಷರ, ಒಂದು, ಕೊಂಬು ಸ್ವಲ್ಪ ಉದ್ದ ಎಳೆಯುವ ನನ್ನ ಚಾಳಿ. ನೀವು ಬಂದು ಹೇಳಬೇಕು ಅಂತ ನಮ್ಮ ವಕೀಲರು ಕೇಳ್ತಿದಾರೆ, ಬರ್ತೀರಾ. ಬರ್ತೀನಿ ಅಂದೆ, ಅಂದ ಮೇಲೆ ಯಜಮಾನರ ನೆನಪಾಯಿತು. ಈ ಕಾರ್ಖಾನೆ ಅವರದ್ದು, ಕೆಟ್ಟವರಲ್ಲ, ನನ್ನ ಅಕ್ಕನ ಕಣ್ಣಿನ ಆಪರೇಷನ್ನಿಗೆ ಕೇಳದೇ ರಜೆ ಕೊಟ್ಟವರು, ಆದರೆ ನಮ್ಮಲ್ಲಿ ತಯಾರಾಗುವ ಕಾಲು ಕೈಗಳಲ್ಲಿ ಅರ್ಧ ಆ ಕಂಪನಿಯವರು ಕಳಿಸುವ ಗಾಯಾಳುಗಳದ್ದು, ಅದು ಅವರ ತಲೆಯಲ್ಲಿ ಯಾವಾಗಲೂ ಇರುವ ಲೆಕ್ಕ. ಕರೆಸಿದರು, ಬಾಗಿಲು ಮುಂದೆ ಮಾಡಿದರು, ಹೋಗಬೇಡ ಅನ್ನಲ್ಲ, ಕೋರ್ಟು ಕರೆದರೆ ಹೋಗಲೇಬೇಕು, ಹಾಳೆಯಲ್ಲಿ ಏನಿದೆಯೋ ಅಷ್ಟು ಹೇಳಿ ಬಾ, ಕೇಳದ್ದಕ್ಕೆ ಉತ್ತರ ಕೊಡೋದು ಬುದ್ಧಿವಂತರ ಲಕ್ಷಣ ಅಲ್ಲ. ಅಕ್ಕನೂ ಮನೆಯಲ್ಲಿ ಅದೇ ರಾಗ, ಊರ ಉಸಾಬರಿ ನಿನಗ್ಯಾಕೆ, ನಿವೃತ್ತಿಗೆ ಆರು ವರ್ಷ ಇದೆ, ತೆಪ್ಪಗೆ ಇರು. ಸರಿ ಅಂದೆ. ಅಕ್ಕನಿಗೆ ಸರಿ ಅನ್ನುವುದು ನನಗೆ ಉಸಿರಾಡಿದಷ್ಟು ಸುಲಭ, ಐವತ್ತೆರಡು ವರ್ಷದಿಂದ ಅನ್ನುತ್ತಿದ್ದೇನೆ. ಆದರೆ ಆ ವಾರ ಕೆಲಸದ ನಡುವೆ ಹಳೇ ರಿಜಿಸ್ಟರು ತೆಗೆದು ಕೂತೆ, ಮಕ್ಕಳದ್ದಷ್ಟೇ ಹುಡುಕಿ ಬೆರಳಿಟ್ಟು ಎಣಿಸುತ್ತ ಹೋದೆ, ನಲವತ್ತಮೂರು, ನಲವತ್ತಮೂರು ಮಕ್ಕಳ ಹಾಳೆಯ ಮೇಲೂ ಸಂಖ್ಯೆ ಒಂದು, ನನ್ನದೇ ಉದ್ದ ಕೊಂಬಿನ ಒಂದು, ಅವರಲ್ಲಿ ಎರಡನೇ ಸಲ ಬಂದವರು ಹನ್ನೊಂದು ಜನ. ಉಳಿದವರು ಎಲ್ಲಿ ಹೋದರೆಂದು ನಾನು ಯಾವತ್ತೂ ಕೇಳಿಕೊಂಡಿರಲಿಲ್ಲ, ಬರಲಿಲ್ಲ ಎಂದರೆ ಚೆನ್ನಾಗಿದ್ದಾರೆ ಎಂದುಕೊಂಡಿದ್ದೆ. ಒಬ್ಬಳು ತಾಯಿ ಮಾತ್ರ, ನಾಲ್ಕು ವರ್ಷದ ಮೇಲೆ, ಮಗನ ಕಾಲನ್ನು ಚೀಲದಲ್ಲಿ ತಂದಿದ್ದಳು, ಇದನ್ನ ದೊಡ್ಡದು ಮಾಡಕ್ಕಾಗತ್ತಾ ಅಂತ, ಬಟ್ಟಲೊಳಗೆ ಬಟ್ಟೆ ಒಣಹಾಕುವ ಕ್ಲಿಪ್ಪುಗಳು ತುಂಬಿದ್ದವು, ಇಟ್ಟಲ್ಲೇ ಇತ್ತಲ್ಲ ಅದಕ್ಕೆ, ಎಂದು ನಾಚಿಕೊಂಡು ಮೇಜಿನ ಮೇಲೆ ಸುರಿದಳು, ನಾವು ನಕ್ಕೆವು, ಅವಳೂ ನಕ್ಕಳು.

ಕೋರ್ಟಿನ ಕೋಣೆ ನಾನೆಣಿಸಿದಷ್ಟು ದೊಡ್ಡದಿರಲಿಲ್ಲ, ನಮ್ಮ ಅಳತೆಯ ಕೋಣೆಯಷ್ಟೇ, ಫ್ಯಾನು, ಕಬ್ಬಿಣದ ಕಪಾಟು, ಎಲ್ಲೆಲ್ಲೂ ಕಡತ, ನ್ಯಾಯಾಧೀಶರಿಗೆ ನೆಗಡಿ, ಪ್ರತಿ ಪ್ರಶ್ನೆಗೂ ಮುಂಚೆ ಕರ್ಚೀಫು. ಕಂಪನಿಯ ವಕೀಲರು ಸಭ್ಯ ಮನುಷ್ಯ, ಗದರುವುದಿಲ್ಲ, ಎಡ ಬೂಟಿನ ಹಿಮ್ಮಡಿ ಹೊರಗಡೆ ಸವೆದಿತ್ತು, ಸೊಂಟನೋವು ಇರಬೇಕು ಎಂದುಕೊಂಡೆ. ಈ ಹಾಳೆ ನಿಮ್ಮದೇನಾ? ನನ್ನದೇ. ಸಹಿ? ನನ್ನದೇ. ಸಂಖ್ಯೆ ಎಷ್ಟು ಅಂತ ಬರೆದಿದೀರಿ, ಓದಿ. ಒಂದು. ಹಾಗಾದರೆ ಇನ್ನೇನಿದೆ ಸ್ವಾಮಿ, ಎಂದು ಅವರು ಕೂರಲು ಹೋದರು, ಯಜಮಾನರು ಹೇಳಿದಂತೆ ಅಲ್ಲಿಗೇ ಮುಗಿಯುತ್ತಿತ್ತು, ನಾನು ಕೇಳದ್ದಕ್ಕೆ ಉತ್ತರ ಕೊಟ್ಟೆ, ಅದು ಅವತ್ತಿನ ಒಂದು ಅಂದೆ. ಧ್ವನಿ ಸಣ್ಣಗಾಗಿತ್ತು, ಟೈಪು ಮಾಡುವಾಕೆ ಮತ್ತೊಮ್ಮೆ ಹೇಳಿ ಅಂದಳು. ಅದು ಅವತ್ತಿಗೆ ಬೇಕಾದ ಒಂದು ಸ್ವಾಮಿ, ಮಗು ಬೆಳೀತದೆ, ಕಾಲು ಬೆಳೆಯಲ್ಲ, ವರ್ಷಕ್ಕೊಂದು ಬೇಕು, ಹದಿನೆಂಟರವರೆಗೆ ಇನ್ನೂ ಒಂಬತ್ತು, ಆಮೇಲೆ ಬೆಳೆಯೋದು ನಿಂತರೂ ಸವೆಯೋದು ನಿಲ್ಲಲ್ಲ, ನಾಲ್ಕೈದು ವರ್ಷಕ್ಕೊಂದು ಅಂದರೂ ಆಯಸ್ಸಿಗೆ ಹನ್ನೆರಡು, ಒಟ್ಟು ಇಪ್ಪತ್ತೊಂದು ಹೆಚ್ಚುಕಮ್ಮಿ. ವಕೀಲರು ಕೂತವರು ಎದ್ದರು, ಒಂದು ಮಗುವಿಗೆ ಇಪ್ಪತ್ತೊಂದು ಕಾಲೇ, ಜರಿಹುಳವೇ ಇದು, ಹಿಂದೆ ಯಾರೋ ಕಿಸಕ್ಕೆಂದರು, ಎಲ್ಲರಿಗಿಂತ ಜೋರಾಗಿ ನಕ್ಕವಳು ಪಿಟೀಲು, ಅಪ್ಪನ ಪಕ್ಕ ಕೂತವಳು, ಜರಿಹುಳ ಅಂತೆ ಎಂದು ಅಪ್ಪನ ತೋಳು ತಿವಿದಳು, ಅವಳ ನಗು ಕೇಳಿದ ಮೇಲೆ ಯಾರೂ ನಗಲಿಲ್ಲ. ಒಂದೇ ಕಾಲು ಸ್ವಾಮಿ, ಇಪ್ಪತ್ತೊಂದು ಸಲ, ಅಂದೆ. ಹಾಗಾದರೆ ನೀವು ಆಗ ಬರೆದದ್ದು ಸುಳ್ಳೋ, ಈಗ ಹೇಳ್ತಿರೋದು ಸುಳ್ಳೋ? ಆಗ ಬರೆದದ್ದು ಅರ್ಧ. ನ್ಯಾಯಾಧೀಶರು ಕರ್ಚೀಫು ಇಳಿಸಿ ನನ್ನನ್ನೇ ನೋಡಿದರು, ಬೇರೆ ಮಕ್ಕಳಿಗೂ ಹೀಗೇ ಬರೆದುಕೊಟ್ಟಿದೀರಾ? ಇದನ್ನು ಯಾರಾದರೂ ಕೇಳುತ್ತಾರೆಂದು ನಾನು ಎಣಿಸಿರಲಿಲ್ಲ, ಆದರೂ ಅಂಕಿ ನಾಲಿಗೆಯ ತುದಿಯಲ್ಲೇ ಇತ್ತು, ನಲವತ್ತಮೂರು ಮಕ್ಕಳಿಗೆ. ಅದನ್ನೂ ಟೈಪು ಮಾಡಿದಳು, ಟಕಟಕ, ಅಷ್ಟೇ ವೇಗದಲ್ಲಿ.

ಆಮೇಲೆ ನ್ಯಾಯಾಧೀಶರು ಮಗುವನ್ನು ನಡೆಸಿ ನೋಡೋಣ ಅಂದರು. ಬಂದಳು, ಬೆಂಚಿನಿಂದ ಕಟಕಟೆಯವರೆಗೆ, ಬಲಕ್ಕೆ ತೂಗುತ್ತ, ಎಡಕ್ಕೆ ಕುಸಿಯುತ್ತ, ಗುಳ್ಳೆಯ ನೋವಿಗೆ ತುಟಿ ಒಳಗೆ ಕಚ್ಚಿಕೊಂಡು, ನಾನು ಅಪ್ಪಣೆ ಕೇಳಿ ಅವಳ ಹಿಂದೆ ಮಂಡಿಯೂರಿದೆ, ಸೊಂಟದ ಎರಡು ಮೂಳೆಯ ಮೇಲೆ ಎರಡು ಕೈಯಿಟ್ಟೆ, ಎಡಗೈ ಒಂದು ಬೆರಳಗಲ ಕೆಳಗಿತ್ತು, ಕಾರ್ಖಾನೆಯಲ್ಲಾದರೆ ಇದಕ್ಕೆ ತೆಳು ಹಲಗೆಗಳಿವೆ, ಒಂದೊಂದೇ ಪಾದದ ಕೆಳಗಿಡುತ್ತ ಸೊಂಟ ಸಮ ಆಗುವವರೆಗೆ, ಅಲ್ಲಿ ಏನಿದೆ, ಏನಾದರೂ ಕೊಡಿ ಕೆಳಗಿಡೋಕೆ ಅಂದೆ, ಗುಮಾಸ್ತ ಕೈಗೆ ಸಿಕ್ಕ ಕಡತ ಕೊಟ್ಟ, ತೆಳ್ಳಗಿತ್ತು, ಸಾಲಲಿಲ್ಲ, ಇನ್ನೊಂದು ದಪ್ಪದ್ದು ಕೊಟ್ಟ, ಸರಿಯಾಗಿ ಕೂತಿತು, ಎರಡು ಕೈಯೂ ಒಂದೇ ಮಟ್ಟಕ್ಕೆ ಬಂದವು. ಅದರ ಮೇಲೆ ಇವರದ್ದೇ ಹೆಸರಿದೆ ಎಂದು ಗುಮಾಸ್ತ ಹೇಳಿದ, ನ್ಯಾಯಾಧೀಶರಿಗೆ ಕೇಳಲಿ ಎಂದಲ್ಲ, ತೆಗೆದಿಡುವಾಗ ಕ್ರಮಸಂಖ್ಯೆ ತಪ್ಪಬಾರದು ಎಂದು, ಇವಳ ಮೊಕದ್ದಮೆಯದ್ದೇ ಕಡತ ಅದು, ಇಷ್ಟು ದಪ್ಪ ಆಗುವ ಹೊತ್ತಿಗೆ ಇವಳು ಅಷ್ಟೇ ಬೆಳೆದಿದ್ದಳು. ನ್ಯಾಯಾಧೀಶರು ಬಗ್ಗಿ ನೋಡಿದರು, ಕಡತವನ್ನಲ್ಲ, ಅದರ ಪಕ್ಕದ ಇನ್ನೊಂದು ಪಾದವನ್ನು, ಆ ಬೂಟು ಯಾಕೆ ಕತ್ತರಿಸಿದೆ? ಆಗಲೇ ನಾನೂ ನೋಡಿದ್ದು. ಬಲಗಾಲಿನ ಬೂಟಿನ ಮೂತಿಯನ್ನು ನೀಟಾಗಿ, ಅರ್ಧಚಂದ್ರದಂತೆ, ಕ್ಷೌರದ ಕತ್ತಿಯಲ್ಲಿ ಕತ್ತರಿಸಿ ತೆಗೆದಿದ್ದರು, ಕಾಲುಚೀಲದೊಳಗಿಂದ ಹೆಬ್ಬೆರಳು ಹೊರಗೆ ಬಂದಿತ್ತು. ಅವಳಪ್ಪ ಎದ್ದು ನಿಂತ, ಕೈ ಕಟ್ಟಿಕೊಂಡ. ಅಂಗಡಿಯಲ್ಲಿ ಒಂದೊಂದೇ ಬೂಟು ಮಾರಲ್ಲ ಸ್ವಾಮಿ, ಜೊತೇನೇ ತಗೋಬೇಕು, ಎರಡೂ ಒಂದೇ ಅಳತೆ. ಒಂದು ಕಾಲು ಬೆಳೀತು. ಇನ್ನೊಂದು ನಿಂತುಬಿಡ್ತು. ಅದಕ್ಕೆ ಮುಂದುಗಡೆ ಸ್ವಲ್ಪ ಬಿಟ್ಟುಕೊಟ್ಟೆ. ಕೂದಲು ಸ್ವಲ್ಪ ಬಿಟ್ಟುಕೊಟ್ಟೆ ಅನ್ನುವ ಹಾಗೆಯೇ ಹೇಳಿದ, ಅದೇ ಧ್ವನಿ, ಕಂಪನಿಯ ವಕೀಲರು ಕಾಗದ ಜೋಡಿಸತೊಡಗಿದರು, ಮತ್ತೆ ಜರಿಹುಳದ ಮಾತೆತ್ತಲಿಲ್ಲ.

ಹಾಗೆಂದು ಗೆದ್ದೆವು ಎಂದಲ್ಲ, ಇಡೀ ಗೆಲ್ಲುವುದು ಎಲ್ಲಿದೆ, ತೀರ್ಪು ಬಂದದ್ದು ಎರಡು ತಿಂಗಳ ಹಿಂದೆ, ಹದಿನೆಂಟರವರೆಗೆ ವರ್ಷಕ್ಕೊಂದು ಕಾಲು ಸರಿ, ಆಮೇಲಿನ ಹನ್ನೆರಡಕ್ಕೆ ಇಲ್ಲ, ಅಷ್ಟು ಹೊತ್ತಿಗೆ ಆಕೆ ದುಡಿದು ತನ್ನ ಕಾಲ ಮೇಲೆ ತಾನು ನಿಲ್ಲುವ ವಯಸ್ಸು ಎಂದು ಬರೆದಿದ್ದಾರಂತೆ, ಯಾವ ಕಾಲ ಮೇಲೆ ಎಂದು ಬರೆದಿಲ್ಲ. ಮಗುವನ್ನು ರಸ್ತೆಬದಿ ಒಂಟಿಯಾಗಿ ಬಿಟ್ಟದ್ದು ತಂದೆಯ ಅಜಾಗ್ರತೆ, ಅದಕ್ಕಾಗಿ ಬಂದದ್ದರಲ್ಲಿ ಕಾಲು ಭಾಗ ಕಡಿತ, ಇದನ್ನು ವಕೀಲರು ಓದಿ ಹೇಳಿದಾಗ ಪಿಟೀಲು ಕೇಳಿದಳಂತೆ, ಇನ್ನೂ ಕಾಲು ಕಡೀತಾರಾ. ಎಲ್ಲರೂ ನಕ್ಕರು ಮೇಡಂ ಎಂದು ಹೇಳಿ ಅವಳಪ್ಪ, ನಾನು ಪೂರ್ತಿ ನನ್ನದೇ ತಪ್ಪು ಅಂದ್ಕೊಂಡಿದ್ದೆ, ಕಾಲು ಭಾಗ ಅಂತೆ, ಅಂದ. ನನ್ನ ಕೈ ಆವಾಗ ಖಾಲಿಯಿತ್ತು, ಆದರೂ ಏನೂ ಮಾಡಲಿಲ್ಲ, ಚಹಾ ತರಿಸಿದೆ. ಕಂಪನಿಯವರು ತಮ್ಮ ಗಾಯಾಳುಗಳನ್ನು ಈಗ ಬೇರೆ ಕಡೆ ಕಳಿಸುತ್ತಾರೆ, ಯಜಮಾನರು ನನಗೆ ಏನೂ ಅನ್ನಲಿಲ್ಲ, ಅಂದಿದ್ದರೆ ಚೆನ್ನಾಗಿರುತ್ತಿತ್ತು, ಪಾಲಿಶ್ ಮಾಡುವವನಿಗೆ ವಾರಕ್ಕೆ ಮೂರೇ ದಿನ ಕೆಲಸ, ಅವನು ನನ್ನ ನಮಸ್ಕಾರಕ್ಕೆ ತಲೆಯಾಡಿಸುವುದಿಲ್ಲ, ಅವನಿಗೂ ಎರಡು ಮಕ್ಕಳು, ಎರಡೆರಡು ಕಾಲಿನ ಮಕ್ಕಳು, ಬೆಳೆಯುವ ಮಕ್ಕಳು, ಅವನ ಲೆಕ್ಕದಲ್ಲಿ ನಾನು ಯಾರದ್ದೋ ಕಾಲಿಗೆ ಅವನ ಹೊಟ್ಟೆ ಕೊಟ್ಟವಳು. ಅಚ್ಚಿನ ಹಾಳೆ ಹಾಗೇ ಇದೆ, ಹೊಸದು ಹಾಕಿಸಿಲ್ಲ, ಸಂಖ್ಯೆ ಎಂಬಲ್ಲಿ ಜಾಗ ಸಾಲದೆ ಈಗ ನಾನು ಹಾಳೆ ಹೊರಳಿಸಿ ಹಿಂಬದಿಯಲ್ಲಿ ಪೂರ್ತಿ ಬರೆಯುತ್ತೇನೆ, ವರ್ಷಕ್ಕೊಂದು, ಇಂತಿಷ್ಟು ವರ್ಷ, ಆಮೇಲೆ ಇಂತಿಷ್ಟು. ಆ ಉಳಿದ ಮೂವತ್ತೆರಡು ಮಕ್ಕಳಿಗೆ ಕಾಗದ ಹಾಕಿದೆ, ಅಕ್ಕ ಲಕೋಟೆಗೆ ಅಂಟು ಹಚ್ಚಿಕೊಟ್ಟಳು, ಬೈಯುತ್ತಲೇ, ಒಂಬತ್ತು ಹಿಂದಕ್ಕೆ ಬಂದವು, ವಿಳಾಸದಲ್ಲಿ ಇಲ್ಲ, ಒಬ್ಬನಿಗೆ ಈಗ ಇಪ್ಪತ್ತೇಳು, ಅವನು ಫೋನು ಮಾಡಿದ, ಈಗ ಹಾಕಿಕೊಳ್ಳೋದೇ ಬಿಟ್ಟಿದೀನಿ ಮೇಡಂ, ಕೋಲೇ ಅಭ್ಯಾಸ ಆಗಿದೆ, ಆದರೂ ಥ್ಯಾಂಕ್ಸ್. ಆದರೂ ಥ್ಯಾಂಕ್ಸ್.

ಬಿಸಿ ಇಳಿಯುತ್ತಿದೆ, ಬೆರಳ ತುದಿಯಿಂದ ತಟ್ಟಿದೆ, ಟಣ್ ಅಂತು, ಆಯಿತು, ಈಗ ಕೈ ಬಿಡಬಹುದು, ಬೆರಳು ಮರಗಟ್ಟಿವೆ, ಮೊದಲು ಮೂಗು ತುರಿಸಿಕೊಂಡೆ, ಆಂಟಿ ಮೂಗಿಗೆ ಸುಣ್ಣ ಅಂದಳು ಪಿಟೀಲು. ಎರಡೂ ಕಡೆ ಹಿಡಿದು ಮೆಲ್ಲಗೆ ಎಳೆದೆ, ಅಚ್ಚು ಕಳಚಿತು, ಒಳಗೆ ನೇರಳೆ ಪೆನ್ಸಿಲಿನ ಗುರುತುಗಳೆಲ್ಲ ಸರಿಯಾಗಿ ಮೂಡಿವೆ, ಒಳ್ಳೇ ಅಚ್ಚು, ಎರಡನೆಯ ಕಾಲು, ಇನ್ನು ಎಂಟು ಬಾಕಿ, ಕೋರ್ಟು ಲೆಕ್ಕದಲ್ಲಿ. ಇನ್ನು ಪಾದದ ಅಳತೆ, ತೀರ್ಪು ಬಂದ ವಾರವೇ ತೆಗೆದಿಟ್ಟಿದ್ದೇನೆ, ಕೃತಕ ಪಾದ ಹೊರಗಿಂದ ತರಿಸುವುದು, ಬರಲು ಎರಡು ತಿಂಗಳು, ಈ ಸಲ ಬಲಗಾಲಿನ ಸುತ್ತ ಹಾಳೆಯ ಮೇಲೆ ಗೆರೆ ಎಳೆದು ಕಳಿಸಿ ಕರಾರುವಾಕ್ಕಾಗಿ ತರಿಸಿದ್ದೇನೆ, ಜೊತೆಯ ಬೂಟು ಎರಡಕ್ಕೂ ಆಗಬೇಕು, ಅವಳಪ್ಪ ಹೊಸ ಬೂಟಿನ ಡಬ್ಬಿಯನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದಾನೆ, ಇನ್ನೂ ದಾರ ಬಿಚ್ಚಿಲ್ಲ, ಮೊದಲು ನೀವು ನೋಡಿ ಮೇಡಂ ಆಮೇಲೆ ತೆಗೀತೀನಿ ಅಂದ. ಪಾದ ಬಂದಿದೆ, ಕಪಾಟಿನಲ್ಲಿದೆ, ಸರಿಯಾದ ಅಳತೆ, ನಾನೇ ಪಟ್ಟಿ ಹಿಡಿದು ನೋಡಿದ್ದೇನೆ, ಗೆರೆ ಎಳೆದ ಹಾಳೆ ಇಲ್ಲಿದೆ, ಸುಮ್ಮನೆ ಒಮ್ಮೆ ತಾಳೆ ನೋಡೋಣ ಎಂದು ನೆಲದ ಮೇಲೆ ಹಾಸಿದೆ, ಬಾ ಪಿಟೀಲು, ಕಾಲುಚೀಲ ತೆಗಿ, ನನ್ನ ಭುಜ ಹಿಡಿದುಕೋ, ಇದರ ಮೇಲೆ ನಿಲ್ಲು. ನಿಂತಳು, ಒಂಟಿಕಾಲಲ್ಲಿ, ನನ್ನ ಭುಜದ ಮೇಲೆ ಭಾರ ಹಾಕಿ, ಹಿಮ್ಮಡಿ ಗೆರೆಗೆ ಸರಿಯಾಗಿ, ಅಂಚು ಸರಿಯಾಗಿ, ಕಿರುಬೆರಳು ಸರಿಯಾಗಿ, ಮುಂದೆ — ಸರಿಯಾಗಿ ನಿಲ್ಲು, ಹಿಂದಕ್ಕೆ ತಗೋ, ತಗೊಂಡಿದೀನಲ್ಲ ಆಂಟಿ, ಹಿಮ್ಮಡಿ ಗೆರೆಗೇ ಇದೆ, ನೋಡಿದೆ, ಗೆರೆಗೇ ಇದೆ, ಮತ್ತೆ ಮುಂದೆ ನೋಡಿದೆ, ಎರಡು ತಿಂಗಳು, ಬರೀ ಎರಡು ತಿಂಗಳು, ಸರಿ ಇದೆಯಾ ಮೇಡಂ ಎಂದು ಬೆಂಚಿನಿಂದ ಕೇಳುತ್ತಿದ್ದಾನೆ, ದಾರದ ಗಂಟಿನ ಮೇಲೆ ಉಗುರು ಇಟ್ಟುಕೊಂಡು, ಹೆಬ್ಬೆರಳು, ಉಗುರಿನ ಕೆಳಗೆ ಮಣ್ಣು, ತುದಿಯಲ್ಲಿ ಸಣ್ಣ ಗಾಯದ ಗುರುತು, ಅಲ್ಲಾಡುತ್ತಿದೆ, ಗೆರೆಯ ಆಚೆ, ಹೆಬ್ಬೆರಳು, ಗೆರೆಯ ಆಚೆ